ನಿಮ್ಮ ನೀಲಕಿಡಿ ಸಿಗೋದು ಯಾವ ಕಲ್ಲಿನೊಳಗೆ?

ನಿಮ್ಮ ಪೋಸ್ಟ್ ನಿನ್ನೆ ರಾತ್ರಿಯೇ ಓದಿದೆ. ಫೋನಿನಲ್ಲಿ ಇಷ್ಟುದ್ದ ಕುಟ್ಟೋಕೆ ಆಗಲ್ಲ ಅಂತ ಈಗ ಕಂಪ್ಯೂಟರ್ ಮುಂದೆ ಕೂತಿದ್ದೀನಿ. ನಿಮ್ಮ ಆಟಕ್ಕೆ ನೀವು ಕಟ್ಟಿರೋ ಇರುಳ್ನಾಡು ಅನ್ನೋ ಕಲ್ಪನೆಯ ನಾಡಿನಲ್ಲಿ ನೀಲಕಿಡಿ ಅನ್ನೋ ಖನಿಜ. ಮೂಗಬೆಟ್ಟದಲ್ಲಿ ಮಾತ್ರ ಸಿಗುತ್ತೆ, ಕತ್ತಲಲ್ಲಿ ಬೆಳಗುತ್ತೆ, ಗಾಯ ಮಾಯಿಸುತ್ತೆ, ಕಬ್ಬಿಣ ಸೀಳುತ್ತೆ, ಹಿಡಿದವರನ್ನ ಗಾಳಿಯಲ್ಲಿ ತೇಲಿಸುತ್ತೆ. ಆದರೂ ಆಡೋರಿಗೆ ಎರಡನೇ ವಾರಕ್ಕೇ ಬೇಜಾರು ಬಂದಿದೆ, ಇನ್ಯಾವ ಶಕ್ತಿ ಸೇರಿಸಲಿ ಅಂತ ಕೇಳಿದ್ದೀರಿ. ಮೇಲೆ ಒಬ್ಬರು ಸತ್ತವರನ್ನ ಎಬ್ಬಿಸೋ ಶಕ್ತಿ ಕೊಡಿ ಅಂದಿದ್ದಾರೆ. ದಯವಿಟ್ಟು ಬೇಡ. ಇರೋ ನಾಲ್ಕರಲ್ಲಿ ಮೂರು ಕಿತ್ತುಹಾಕಿ, ಬೆಳಕೊಂದನ್ನೇ ಇಟ್ಟುಕೊಳ್ಳಿ.

ಚೌತಿ ದಿನ ಚಂದ್ರನ್ನ ನೋಡಿಬಿಟ್ಟರೆ ಮನೇಲಿ ಹಿಡಿದು ಕೂರಿಸಿ ಶಮಂತಕಮಣಿ ಕಥೆ ಕೇಳಿಸ್ತಿದ್ದರಲ್ಲ, ನೆನಪು ಮಾಡಿಕೊಳ್ಳಿ. ಮಣಿ ದಿನಕ್ಕೆ ಎಂಟು ಭಾರ ಚಿನ್ನ ಕೊಡುತ್ತೆ. ಆದರೆ ಚೌತಿ ಕಥೆಯ ಓಟಕ್ಕೆ ಆ ಚಿನ್ನ ಬೇಕೇ ಆಗಲ್ಲ. ಮಣಿಯ ಒಡೆಯನ ಸೋದರ ಪ್ರಸೇನ ಅದನ್ನ ಕೊರಳಿಗೆ ಹಾಕಿಕೊಂಡು ಬೇಟೆಗೆ ಹೋಗ್ತಾನೆ, ಸಿಂಹ ಕೊಲ್ಲುತ್ತೆ, ಸಿಂಹವನ್ನ ಜಾಂಬವಂತ ಕೊಲ್ತಾನೆ, ಮಣಿ ಅವನ ಮಗುವಿನ ಆಟಿಕೆಯಾಗುತ್ತೆ. ಇತ್ತ ದ್ವಾರಕೆಯಲ್ಲಿ ಕೃಷ್ಣನೇ ಕದ್ದ ಅಂತ ಗುಸುಗುಸು. ಮಣಿ ಮಾಡಿದ್ದು ಒಂದೇ ಕೆಲಸ, ಮಿಕ್ಕಿದ್ದೆಲ್ಲ ಊರ ಬಾಯಿ ಮಾಡಿದ್ದು. ನಿಮ್ಮ ನೀಲಕಿಡಿ ಬಗ್ಗೆ ಇರುಳ್ನಾಡಿನಲ್ಲಿ ಯಾರೂ ಯಾರ ಮೇಲೂ ಅನುಮಾನಪಡ್ತಿಲ್ಲ. ಬೇಜಾರು ಅಲ್ಲಿಂದ ಬಂದಿದೆ.

ಹಾಗಾದರೆ ಅನುಮಾನ ಹುಟ್ಟಿಸೋದು ಹೇಗೆ? ಕಲ್ಲಿಗೆ ಒಂದು ದೌರ್ಬಲ್ಯ ಕೊಡಿ. ಇದಕ್ಕೆ ಕಲ್ಪನೆ ಜಾಸ್ತಿ ಬೇಕಿಲ್ಲ, ನಿಜವಾದ ಖನಿಜಗಳೇ ಸಾಕಷ್ಟು ವಿಚಿತ್ರವಾಗಿವೆ. ಮನಃಶಿಲೆ ಗೊತ್ತಿರಬೇಕು, ಇಂಗ್ಲಿಷಿನವರ ರಿಯಲ್ಗಾರ್. ಆರ್ಸೆನಿಕ್ಕೂ ಗಂಧಕವೂ ಸೇರಿದ ಕೆಂಪು ಹರಳು. ನನ್ನ ಸಂಗ್ರಹದ ಒಂದು ತುಂಡನ್ನ ಚೆಂದ ಕಾಣಲಿ ಅಂತ ಕಿಟಕಿ ಪಕ್ಕದ ಗಾಜಿನ ಬೀರುವಿನಲ್ಲಿಟ್ಟೆ. ಕೆಲವು ತಿಂಗಳಲ್ಲಿ ಮೈಯೆಲ್ಲ ಹಳದಿ ಪುಡಿ. ಬೆಳಕು ಬಿದ್ದರೆ ಅದರ ಒಳಗಿನ ರಚನೆಯೇ ಬದಲಾಗಿ ಹರಳು ಪುಡಿಯಾಗುತ್ತೆ ಅನ್ನೋದು ನನಗೆ ಆಮೇಲೆ ಗೊತ್ತಾಯ್ತು. ಈಗ ಉಳಿದದ್ದು ಕಪ್ಪು ಡಬ್ಬಿಯಲ್ಲಿದೆ.

ಇದನ್ನೇ ನೀಲಕಿಡಿಗೆ ಹಾಕಿ ನೋಡಿ. ಕತ್ತಲಲ್ಲಿ ಬೆಳಗೋ ಕಲ್ಲು ಬಿಸಿಲಿಗೆ ಪುಡಿಯಾಗುತ್ತೆ. ಸರಿ, ಈಗ ಗಣಿಯಿಂದ ಹೊರಗೆ ತರೋದು ರಾತ್ರಿಯೇ, ಸಂತೆ ನಡೆಯೋದೂ ರಾತ್ರಿಯೇ. ಅರಗು ಹಾಕಿ ಮುಚ್ಚಿದ ಡಬ್ಬಿಯಲ್ಲಿ ಮಾರಾಟ. ಹಗಲು ಹೊತ್ತು ಸುಂಕದಕಟ್ಟೆಯಲ್ಲಿ ಅಧಿಕಾರಿ ಮುಚ್ಚಳ ತೆಗೆಸಿದರೆ ಮಾಲು ಹೋಯ್ತು. ತೆಗೆಸದಿದ್ದರೆ ಒಳಗಿರೋದು ಬರೀ ಜಲ್ಲಿಯೋ ಏನೋ. ತೆಗೆಸಬಾರದು ಅಂತ ಲಂಚ ಕೊಡೋರು, ಎದುರಾಳಿಯದ್ದು ತೆಗೆಸಲಿ ಅಂತ ಲಂಚ ಕೊಡೋರು, ಎಲ್ಲ ತಾವಾಗೇ ಹುಟ್ಟಿಕೊಳ್ತಾರೆ. ಚಿನ್ನಕ್ಕೆ ಒರೆಗಲ್ಲು ಇದೆ, ಅಕ್ಕಸಾಲಿಗ ಒಂದು ಗೀರು ಎಳೆದರೆ ಬಣ್ಣ ನೋಡಿ ಹೇಳ್ತಾನೆ. ನಿಮ್ಮ ಕಲ್ಲಿಗೆ ಒರೆಗಲ್ಲು ಯಾವುದು, ಅದು ಯಾರ ಕೈಯಲ್ಲಿದೆ ಅಂತ ಮೊದಲೇ ಬರೆದಿಟ್ಟುಕೊಳ್ಳಿ. ನನ್ನ ಮಟ್ಟಿಗೆ ಆ ವ್ಯಕ್ತಿ ರಾಜನಿಗಿಂತ ದೊಡ್ಡೋನು.

ಇನ್ನು ಗಣಿ. ಇಲ್ಲಿ ನೀವು ತುಂಬಾ ಅವಸರ ಮಾಡಿದ್ದೀರಿ. "ಬೆಟ್ಟ ಅಗೆದರು, ಮೂಟೆಗಟ್ಟಲೆ ಸಿಕ್ಕಿತು" ಅಂತ ಒಂದೇ ಸಾಲು. ಅಪರೂಪದ್ದು ಹಾಗೆ ಸಿಗಲ್ಲ. ಚಿನ್ನದ ಗಣಿಯಲ್ಲಿ ಟನ್ನುಗಟ್ಟಲೆ ಕಲ್ಲು ಅರೆದರೆ ಟನ್ನಿಗೆ ಕೆಲವೇ ಗ್ರಾಂ ಕೈಗೆ ಬರುತ್ತೆ. ಕೆಜಿಎಫ್‌ನಲ್ಲಿ ಆ ಕೆಲವು ಗ್ರಾಮಿಗೋಸ್ಕರ 3 ಕಿಲೋಮೀಟರಿಗಿಂತ ಆಳಕ್ಕೆ ಇಳಿದರು. ಕೆಳಗೆ ಬಂಡೆಯೇ ಬಿಸಿ. ಮೇಲಿನ ಭಾರಕ್ಕೆ ಬಂಡೆ ಇದ್ದಕ್ಕಿದ್ದಂತೆ ಸಿಡಿಯೋದೂ ಇತ್ತು, ರಾಕ್ ಬರ್ಸ್ಟ್ ಅಂತಾರೆ. ಗಣಿಗೋಸ್ಕರ 1902ರಲ್ಲಿ ಶಿವನಸಮುದ್ರದಿಂದ ಕರೆಂಟ್ ಎಳೆದರು, ಬೆಂಗಳೂರಿನ ಬೀದಿದೀಪಕ್ಕೆ ಅದು ಬಂದದ್ದು 1905ರಲ್ಲಿ. ರಾಜಧಾನಿಗಿಂತ ಮೊದಲು ಗಣಿಗೆ ದೀಪ! ಇಂಥ ಒಂದು ವಿವರ ಇರುಳ್ನಾಡಿಗೆ ಹಾಕಿದರೆ ಅಲ್ಲಿ ಯಾರ ಮಾತು ನಡೆಯುತ್ತೆ ಅಂತ ಬೇರೆ ಹೇಳಬೇಕಾಗಲ್ಲ. 2001ರಲ್ಲಿ ಗಣಿ ಮುಚ್ಚಿತು, ಕಲ್ಲು ಅರೆದು ಸೈನೈಡ್ ಹಾಕಿ ಚಿನ್ನ ಬಿಡಿಸಿಕೊಂಡ ಮೇಲೆ ಉಳಿದ ಪುಡಿಯ ದಿಬ್ಬಗಳು ಊರಲ್ಲೇ ಉಳಿದವು. ಗಾಳಿ ಬೀಸಿದರೆ ದೂಳು ಮನೆಯೊಳಕ್ಕೆ. ಮೂಗಬೆಟ್ಟದ ಬುಡದಲ್ಲಿ ಅಂಥ ದಿಬ್ಬ ಎಲ್ಲಿದೆ, ಅದರ ಪಕ್ಕ ಯಾರ ಮನೆ ಇದೆ? ನಕ್ಷೆಯಲ್ಲಿ ಗುರುತು ಹಾಕಿ.

ಬಡವರಿಗೂ ಒಂದು ದಾರಿ ಇಡಿ. ಗದಗ ಕಡೆ ಕಪ್ಪತಗುಡ್ಡದ ಹಳ್ಳಗಳಲ್ಲಿ ಜಾಲಗಾರರು ಮರಳು ತೊಳೆದು ಚಿನ್ನದ ಕಣ ಹೆಕ್ಕುತ್ತಿದ್ದರು. ಅದೇ ರೀತಿ ಹಳ್ಳದಲ್ಲಿ ರಾತ್ರಿ ನೀಲಿ ಕಣ ಹುಡುಕೋ ಒಂದು ಕುಟುಂಬ ಇರಲಿ. ಆಡೋರು ಮೊದಲು ಭೇಟಿಯಾಗಬೇಕಾದ್ದು ಅವರನ್ನ, ಅರಮನೆಯನ್ನಲ್ಲ.

ಹೆಸರಿನ ಬಗ್ಗೆಯೂ ಕೇಳಿದ್ದಿರಿ. ನೀಲಕಿಡಿ ಚೆನ್ನಾಗಿದೆ, ಆದರೆ ಅದು ಕವಿ ಇಟ್ಟ ಹೆಸರು. ಗಣಿ ಕೆಲಸದವರು ಬೈದು ಹೆಸರಿಡ್ತಾರೆ. ಕೋಬಾಲ್ಟ್ ಅನ್ನೋ ಹೆಸರೇ ಜರ್ಮನಿಯ ಗಣಿಗಾರರು ನಂಬಿದ್ದ ಕೋಬೋಲ್ಡ್ ಅನ್ನೋ ಕುಚೇಷ್ಟೆಯ ಭೂತದಿಂದ ಬಂದದ್ದು. ಬೆಳ್ಳಿ ಅಂತ ಕಾಯಿಸಿದರೆ ಬೆಳ್ಳಿ ಬರ್ತಿರಲಿಲ್ಲ, ಆರ್ಸೆನಿಕ್ ಹೊಗೆ ಮಾತ್ರ ಬರ್ತಿತ್ತು, ಅದಕ್ಕೆ ಭೂತದ ಮೇಲೆ ಗೂಬೆ ಕೂರಿಸಿದರು. ಅರಮನೆಯಲ್ಲಿ ನೀಲಕಿಡಿ, ಗಣಿಯೊಳಗೆ "ಕಣ್ಣುಬಾಕ" ಅಂತ ಎರಡು ಹೆಸರು ಇಡಿ. ಯಾರು ಯಾವ ಹೆಸರು ಬಳಸ್ತಾರೆ ಅನ್ನೋದರಲ್ಲೇ ಅವರು ಎಲ್ಲಿಂದ ಬಂದವರು ಅಂತ ಗೊತ್ತಾಗಿಬಿಡುತ್ತೆ.

ಕೊನೆಗೆ ಆಟಕ್ಕೆ ಸಂಬಂಧವಿಲ್ಲದ, ಆದರೆ ತುರ್ತಿನ ಮಾತು. ಮೇಜಿನ ಮೇಲಿಡೋಕೆ ಮನೇಲೇ ಬೆಳೆಸಿದೆ ಅಂತ ಫೋಟೋ ಹಾಕಿದ್ದೀರಲ್ಲ, ಆ ನೀಲಿ ಹರಳು ಮೈಲುತುತ್ತದ್ದು, ಅಂದರೆ ಕಾಪರ್ ಸಲ್ಫೇಟಿನದು ಅಲ್ಲವಾ? ಅಡಿಕೆ ತೋಟಕ್ಕೆ ಹೊಡೆಯೋ ಬೋರ್ಡೋ ದ್ರಾವಣಕ್ಕೆ ಹಾಕೋ ಅದೇ ಮಾಲು. ಹೊಟ್ಟೆಗೆ ಹೋದರೆ ವಿಷ, ಬೆವರಿದ ಕೈಗೆ ಕರಗಿ ಹತ್ತುತ್ತೆ. ಚಕ್ಕುಲಿ ತಟ್ಟೆ ಪಕ್ಕದಲ್ಲಿ ಅದನ್ನ ಕಂಡು ಗಾಬರಿಯಾಯ್ತು. ಮುಚ್ಚಳ ಇರೋ ಗಾಜಿನ ಬಾಟಲಿಗೆ ಹಾಕಿ, ಮಕ್ಕಳಿಗೆ ಎಟುಕದ ಕಡೆ ಇಟ್ಟು, ಕೈ ತೊಳೆದುಕೊಳ್ಳಿ. ಅದರ ಬದಲು ಪಟಿಕ ಬಳಸಿ, ಕ್ಷೌರದಂಗಡಿಯಲ್ಲಿ ಗಡ್ಡ ಬೋಳಿಸಿದ ಮೇಲೆ ಉಜ್ಜುತ್ತಾರಲ್ಲ, ಅದು. ಬಿಸಿನೀರಿನಲ್ಲಿ ಕರಗುವಷ್ಟು ಕರಗಿಸಿ, ಒಂದು ಸಣ್ಣ ಹರಳನ್ನ ದಾರಕ್ಕೆ ಕಟ್ಟಿ ಇಳಿಬಿಟ್ಟು, ಅಲುಗಾಡಿಸದೆ ಕೆಲವು ದಿನ ಬಿಡಿ. ಬಣ್ಣ ಬರಲ್ಲ. ಕೆಳಗೊಂದು ಸಣ್ಣ ನೀಲಿ ಎಲ್ಇಡಿ ಇಟ್ಟು ರೂಮಿನ ದೀಪ ಆರಿಸಿದರೆ ಸಾಕು.