ಓದುಗರ ಪ್ರಶ್ನೆ: ಸಲಿಂಗ ಸಂಬಂಧ – ಶಾಸ್ತ್ರ, ಮನೆ, ಕಾಗದಪತ್ರ

ಪ್ರಶ್ನೆ: ಸಲಿಂಗ ಪ್ರೇಮ ಪಾಶ್ಚಾತ್ಯರಿಂದ ಬಂದ ಚಟ ಅಂತ ಕೆಲವರು ಹೇಳುತ್ತಾರೆ. ನಮ್ಮ ಪೂರ್ವಜರು ಅದನ್ನು ಪೂರ್ತಿ ಒಪ್ಪಿದ್ದರು, ಇಂಗ್ಲಿಷರು ಬಂದು ಕೆಡಿಸಿದರು ಅಂತ ಇನ್ನು ಕೆಲವರು. ಕಾಲೇಜಿನ ಚರ್ಚೆಯಲ್ಲಿ ಮಾತಾಡಬೇಕಿದೆ. ಯಾವುದು ನಿಜ? – ವಿದ್ಯಾರ್ಥಿ, ಧಾರವಾಡ

ಉತ್ತರ: ಮೊದಲನೆಯದು ಪೂರ್ತಿ ತಪ್ಪು. ಎರಡನೆಯದು ಅರ್ಧ ಸರಿ, ಆ ಅರ್ಧವನ್ನು ಎಲ್ಲಿಗೆ ನಿಲ್ಲಿಸಬೇಕು ಎಂಬುದನ್ನು ತಿಳಿದೇ ವೇದಿಕೆ ಹತ್ತಿ.

ಇಂಥ ಸಂಬಂಧ ಇಲ್ಲಿಯವರಿಗೆ ಬಹಳ ಹಿಂದೆಯೇ ಗೊತ್ತಿತ್ತು ಎನ್ನುವುದಕ್ಕೆ ಸಂಸ್ಕೃತ ಗ್ರಂಥಗಳೇ ಸಾಕ್ಷಿ. ವಾತ್ಸ್ಯಾಯನನ ಕಾಮಸೂತ್ರದ ಎರಡನೆಯ ಅಧಿಕರಣದ ಒಂಬತ್ತನೆಯ ಅಧ್ಯಾಯದಲ್ಲಿ ‘ತೃತೀಯಾ ಪ್ರಕೃತಿ’ಯವರ, ಅಂದರೆ ಗಂಡು-ಹೆಣ್ಣು ಎರಡಕ್ಕೂ ಸೇರದ ಮೂರನೆಯ ಸ್ವಭಾವದವರ ವಿವರವಿದೆ. ಪರಸ್ಪರ ಹಿತ ಬಯಸುವ, ನಂಬಿಕೆ ಬಲಿತ ಕೆಲವು ನಾಗರಕರೂ (ನಗರದ ರಸಿಕ ಗಂಡಸರು) ತಮ್ಮತಮ್ಮಲ್ಲೇ ಕೂಡುತ್ತಾರೆ ಎಂಬ ಮಾತು ಅದೇ ಅಧ್ಯಾಯದ ಕೊನೆಯ ಭಾಗದಲ್ಲಿ ಬರುತ್ತದೆ. ಸುಶ್ರುತ ಸಂಹಿತೆಯ ಶಾರೀರಸ್ಥಾನವು ಇಬ್ಬರು ಹೆಂಗಸರು ಕೂಡಿ ಗರ್ಭ ನಿಂತರೆ ಮೂಳೆಯಿಲ್ಲದ ಮಗು ಹುಟ್ಟುತ್ತದೆ ಎನ್ನುತ್ತದೆ. ವೈದ್ಯವಾಗಿ ಅದು ತಪ್ಪು. ಆದರೆ ವೈದ್ಯರು ಬರೆದಿಡಬೇಕಾದಷ್ಟು ಪರಿಚಿತ ಸಂಗತಿ ಅದಾಗಿತ್ತು ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

ಹಾಗಂತ ಎಲ್ಲರೂ ಒಪ್ಪಿದ್ದರು ಅನ್ನಲು ಬರುವುದಿಲ್ಲ. ಗಂಡಸು ಗಂಡಸನ್ನು ಕೂಡಿದರೆ ಕೌಟಿಲ್ಯನ ಅರ್ಥಶಾಸ್ತ್ರ ಮೊದಲ ದರ್ಜೆಯ ದಂಡ ಹೇಳುತ್ತದೆ, ಅಂದರೆ 48ರಿಂದ 96 ಪಣ (ಅಂದಿನ ನಾಣ್ಯ). ಆ ದಂಡದ ದರ್ಜೆಗಳಲ್ಲಿ ಇದೇ ಎಲ್ಲಕ್ಕಿಂತ ಕಡಿಮೆಯದು. ಮನುಸ್ಮೃತಿಯಲ್ಲಿ ಒಂದೇ ಅಧ್ಯಾಯದೊಳಗೆ ಎರಡು ದನಿ ಕೇಳುತ್ತವೆ: ಹನ್ನೊಂದನೆಯ ಅಧ್ಯಾಯದ ಒಂದು ಶ್ಲೋಕ ಗಂಡಸಿನೊಡನೆ ಸಂಗವನ್ನು ಜಾತಿಭ್ರಂಶದ, ಅಂದರೆ ಜಾತಿ ಕೆಡಿಸುವ ಪಾಪಗಳ ಪಟ್ಟಿಗೆ ಸೇರಿಸಿದರೆ, ಮುಂದೆ ಬರುವ ಇನ್ನೊಂದು ಶ್ಲೋಕ ಉಟ್ಟಬಟ್ಟೆಯಲ್ಲೇ ಸ್ನಾನ ಮಾಡಿದರೆ ಸಾಕು ಎನ್ನುತ್ತದೆ. ಹೆಂಗಸರ ವಿಷಯದಲ್ಲಿ ಎಂಟನೆಯ ಅಧ್ಯಾಯ ಕಠಿಣವಾಗಿದೆ. ಕನ್ಯೆಯೊಬ್ಬಳು ಇನ್ನೊಬ್ಬ ಕನ್ಯೆಯನ್ನು ಕೆಡಿಸಿದರೆ 200 ಪಣ ದಂಡ, ಎರಡು ಪಟ್ಟು ಕನ್ಯಾಶುಲ್ಕ, ಹತ್ತು ಏಟು. ಪ್ರಾಯದ ಹೆಂಗಸಾದರೆ ತಲೆ ಬೋಳಿಸುವುದು, ಬೆರಳು ಕತ್ತರಿಸುವುದು. ಕನ್ಯಾಶುಲ್ಕದ ಲೆಕ್ಕ ಅಲ್ಲಿ ಯಾಕೆ ಬಂತು ನೋಡಿ. ಶಾಸ್ತ್ರಕಾರರ ಚಿಂತೆ ಇಬ್ಬರ ಪ್ರೀತಿಯ ಬಗ್ಗೆ ಇರಲಿಲ್ಲ, ಮದುವೆ ಮಾಡಿಕೊಡಬೇಕಾದ ಹುಡುಗಿಯ ಕನ್ಯತ್ವದ ಬಗ್ಗೆ ಇತ್ತು. ಇಂದಿಗೂ ನಮ್ಮ ಊರುಗಳಲ್ಲಿ ಮನೆಯವರ ಕೋಪ ಬಹುಪಾಲು ಇದೇ ಜಾಗದಿಂದ ಹುಟ್ಟುತ್ತದೆ.

ಇಂಗ್ಲಿಷರ ಕಾಲದಲ್ಲಿ ಬದಲಾದದ್ದು ಶಿಕ್ಷೆಯ ತೂಕ. ಇಂಗ್ಲೆಂಡಿನಲ್ಲಿ 1533ರ ಕಾಯ್ದೆಯಿಂದ 1861ರವರೆಗೆ ಇದಕ್ಕೆ ಮರಣದಂಡನೆ ಇತ್ತು. 1860ರಲ್ಲಿ ರಚಿಸಿ 1862ರ ಜನವರಿ 1ರಿಂದ ಜಾರಿಗೆ ತಂದ ಭಾರತೀಯ ದಂಡ ಸಂಹಿತೆಯ 377ನೇ ಕಲಮು ಇಲ್ಲಿ ಹತ್ತು ವರ್ಷದವರೆಗಿನ ಸೆರೆ ಅಥವಾ ಜೀವಾವಧಿ ಶಿಕ್ಷೆ ಇಟ್ಟಿತು. ಮುಂಬಯಿ ಪ್ರಾಂತ್ಯದ ಅಂದಿನ ಧಾರವಾಡ ಜಿಲ್ಲೆಗೂ ಅದು ಬಂತು. ಇಂದಿನ ಗದಗ, ಹಾವೇರಿಯ ಬಹುಭಾಗ ಆಗ ಆ ಜಿಲ್ಲೆಯೊಳಗೇ ಇತ್ತು. ದಿಲ್ಲಿ ಹೈಕೋರ್ಟ್ 2009ರಲ್ಲಿ ಈ ಕಲಮನ್ನು ಸಡಿಲಿಸಿತು, 2013ರಲ್ಲಿ ಸುಪ್ರೀಂ ಕೋರ್ಟ್ ಆ ತೀರ್ಪನ್ನು ತಳ್ಳಿಹಾಕಿತು, ಕೊನೆಗೆ 2018ರ ಸೆಪ್ಟೆಂಬರ್ 6ರಂದು ಐವರು ನ್ಯಾಯಮೂರ್ತಿಗಳ ಪೀಠ ಒಮ್ಮತದಿಂದ ವಯಸ್ಕರ ಸಮ್ಮತಿಯ ಸಂಬಂಧ ಅಪರಾಧವಲ್ಲ ಎಂದಿತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿ ಈ ಕಲಮೇ ಇಲ್ಲ. ಇದರಿಂದ ಒಂದು ದೊಡ್ಡ ಕೊರತೆಯೂ ಉಂಟಾಗಿದೆ: ವಯಸ್ಕ ಗಂಡಸಿನ ಮೇಲೆ ಬಲಾತ್ಕಾರವಾದರೆ ನೇರವಾಗಿ ಅನ್ವಯಿಸುವ ಕಲಮು ಈಗ ಉಳಿದಿಲ್ಲ. ಇದನ್ನೂ ನಿಮ್ಮ ಚರ್ಚೆಯಲ್ಲಿ ಎತ್ತಬೇಕು.

ಇನ್ನೊಂದು ಎಚ್ಚರಿಕೆ. ಹೆಣ್ಣು ಗಂಡುಗಳ ನಡುವೆ ಸುಳಿವ ಆತ್ಮ ಎರಡೂ ಅಲ್ಲ ಎಂದ ಜೇಡರ ದಾಸಿಮಯ್ಯನ ವಚನವನ್ನೋ, ಶರಣಸತಿ ಲಿಂಗಪತಿ ಭಾವವನ್ನೋ, ಗದುಗಿನ ಭಾರತದ ವಿರಾಟಪರ್ವದ ಬೃಹನ್ನಳೆಯನ್ನೋ ಸಲಿಂಗ ಪ್ರೇಮದ ಪುರಾವೆ ಎಂದು ತೋರಿಸಬೇಡಿ. ಮೊದಲ ಎರಡು ಭಕ್ತಿಯ ಮಾತು, ಮೂರನೆಯದು ಅಜ್ಞಾತವಾಸದ ವೇಷ. ಗಂಡು-ಹೆಣ್ಣೆಂಬ ಭೇದವನ್ನು ನಮ್ಮವರು ಎಷ್ಟು ಸಡಿಲವಾಗಿ ಯೋಚಿಸಬಲ್ಲವರಾಗಿದ್ದರು ಎನ್ನುವುದಕ್ಕೆ ಅವು ಒಳ್ಳೆಯ ಉದಾಹರಣೆ. ಅದಕ್ಕಿಂತ ಹೆಚ್ಚಿನ ಭಾರ ಹೊರಿಸಿದರೆ ಎದುರಿನವರು ಒಂದೇ ಪ್ರಶ್ನೆಯಲ್ಲಿ ನಿಮ್ಮ ಇಡೀ ವಾದವನ್ನು ಬೀಳಿಸುತ್ತಾರೆ.

ಪ್ರಶ್ನೆ: ನನ್ನ ಮಗಗ 26 ವರ್ಷ. ಬೆಂಗಳೂರಾಗ ನೌಕರಿ ಮಾಡ್ತಾನ. ಎರಡು ಕಡೆ ಕನ್ಯಾ ನೋಡಿ ಬಂದ ಮ್ಯಾಲೆ, ನನಗ ಹುಡುಗ್ಯಾರ ಮ್ಯಾಲೆ ಮನಸಿಲ್ಲ, ಗಂಡಸರ ಮ್ಯಾಲೆ ಐತಿ ಅಂದಾನ. ಅವರ ಅಪ್ಪಗ ಇನ್ನೂ ಗೊತ್ತಿಲ್ಲ. ಹಾರ್ಮೋನ್ ಇಂಜೆಕ್ಷನ್ ಕೊಟ್ರ ಸರಿ ಆಗತೈತಿ ಅಂತ ಒಬ್ರು ಡಾಕ್ಟರ್ ಹೇಳ್ಯಾರ. ಮದುವಿ ಮಾಡಿದ್ರ ತಾನ ಸರಿ ಹೋಗತಾನ ಅಂತಾಳ ನಮ್ಮ ತಂಗಿ. ಏನು ಮಾಡ್ಲಿ? – ತಾಯಿ, ಹಾವೇರಿ ಜಿಲ್ಲೆ

ಉತ್ತರ: ತಾಯೀ, ಮೊದಲು ಇಂಜೆಕ್ಷನ್ ವಿಚಾರ. ದಯವಿಟ್ಟು ಕೊಡಿಸಬೇಡಿ. ಟೆಸ್ಟೋಸ್ಟೆರಾನ್ (ಗಂಡಸಿನ ಹಾರ್ಮೋನ್) ಕಡಿಮೆಯಾಗಿ ಯಾರೂ ಸಲಿಂಗಿ ಆಗುವುದಿಲ್ಲ. ಹೊರಗಿನಿಂದ ಅದನ್ನು ತುಂಬಿದರೆ ಆಸೆಯ ಪ್ರಮಾಣ ಹೆಚ್ಚಬಹುದು, ಆಸೆ ಯಾರ ಕಡೆಗೆ ಎನ್ನುವುದು ಬದಲಾಗದು. ಮೇಲಾಗಿ, ಹೊರಗಿನಿಂದ ಬರುತ್ತಿದೆ ಎಂದು ದೇಹ ತನ್ನ ತಯಾರಿಕೆಯನ್ನು ನಿಲ್ಲಿಸುತ್ತದೆ. ವೀರ್ಯಾಣು ಕುಸಿಯುತ್ತವೆ, ರಕ್ತ ಮಂದವಾಗುತ್ತದೆ. ಆರೋಗ್ಯವಂತ ಹುಡುಗನಿಗೆ ನೀವೇ ದುಡ್ಡು ಕೊಟ್ಟು ಕಾಯಿಲೆ ತಂದಂತಾಗುತ್ತದೆ.

ಇದು ರೋಗವಲ್ಲ. ವಿಶ್ವ ಆರೋಗ್ಯ ಸಂಸ್ಥೆ 1990ರಲ್ಲೇ ರೋಗಗಳ ಪಟ್ಟಿಯಿಂದ ಇದನ್ನು ತೆಗೆದಿದೆ. ನಮ್ಮ 2017ರ ಮಾನಸಿಕ ಆರೋಗ್ಯ ಕಾಯ್ದೆಯ 3ನೇ ಕಲಮಿನ ಪ್ರಕಾರ, ಸಮಾಜದ ನೀತಿಗೋ ಧಾರ್ಮಿಕ ನಂಬಿಕೆಗೋ ಹೊಂದುವುದಿಲ್ಲ ಎಂಬ ಕಾರಣಕ್ಕೆ ಯಾರನ್ನೂ ಮಾನಸಿಕ ರೋಗಿ ಎನ್ನುವಂತಿಲ್ಲ. ‘ಬದಲಾಯಿಸುತ್ತೇನೆ’ ಎಂದು ಚಿಕಿತ್ಸೆ ಕೊಡುವುದು ವೃತ್ತಿ ದುರ್ನಡತೆ ಎಂದು ರಾಷ್ಟ್ರೀಯ ವೈದ್ಯಕೀಯ ಆಯೋಗ 2022ರಲ್ಲಿ ಹೇಳಿದೆ. ಆ ಡಾಕ್ಟರ ಮೇಲೆ ಕರ್ನಾಟಕ ವೈದ್ಯಕೀಯ ಮಂಡಳಿಗೆ ದೂರು ಕೊಡುವ ಹಕ್ಕು ನಿಮ್ಮ ಮಗನಿಗಿದೆ. ಕರೆಂಟು, ತಾಯತ, ಉಪವಾಸ, ಕೂಡಿಹಾಕುವುದು, ಇವು ಯಾವುವೂ ಕೆಲಸ ಮಾಡುವುದಿಲ್ಲ. ಇಂಥದ್ದಕ್ಕೆ ಸಿಕ್ಕ ಹುಡುಗರು ಕೆಲವು ದಿನ ಸರಿಹೋದಂತೆ ನಟಿಸುತ್ತಾರೆ, ಒಳಗೊಳಗೆ ಕುಗ್ಗುತ್ತಾರೆ. ಆತ್ಮಹತ್ಯೆಯ ಯೋಚನೆ ಹೆಚ್ಚಾಗಿ ಬರುವುದು ಇಂಥ ಹೊತ್ತಿನಲ್ಲೇ.

ಇನ್ನು ಮದುವೆ. ನಿಮ್ಮ ತಂಗಿಯ ಮಾತು ಪ್ರೀತಿಯದೇ ಇರಬಹುದು, ಆದರೆ ಆ ಮಾತಿನಲ್ಲಿ ಬರುವ ಸೊಸೆಯ ಲೆಕ್ಕವೇ ಇಲ್ಲ. ತನ್ನದೇ ತಪ್ಪು, ತಾನೇ ಚೆಂದವಿಲ್ಲ ಎಂದುಕೊಂಡು ಆ ಹುಡುಗಿ ವರ್ಷಗಟ್ಟಲೆ ಬೇಯಬೇಕಾಗುತ್ತದೆ. ಕಾಯ್ದೆಯ ದೃಷ್ಟಿಯಿಂದಲೂ ಇದು ಗಟ್ಟಿಯಲ್ಲ. ಮುಖ್ಯ ಸಂಗತಿ ಮುಚ್ಚಿಟ್ಟು ಒಪ್ಪಿಗೆ ಪಡೆದರೆ ಹಿಂದೂ ವಿವಾಹ ಕಾಯ್ದೆಯ 12ನೇ ಕಲಮಿನಡಿ, ಮೋಸ ತಿಳಿದ ಒಂದು ವರ್ಷದೊಳಗೆ ಆಕೆ ಮದುವೆ ರದ್ದು ಮಾಡಿಸಲು ಕೋರ್ಟಿಗೆ ಹೋಗಬಹುದು. ಕ್ರೌರ್ಯದ ಕಾರಣಕ್ಕೆ ವಿಚ್ಛೇದನವನ್ನೂ ಕೇಳಬಹುದು. ಅಂಥ ಮದುವೆಗೆ ನೀವು ಕಾರಣರಾಗಬೇಡಿ.

ಈ ವಾರ ಮಾಡಬೇಕಾದದ್ದು ಇಷ್ಟೇ. ಕನ್ಯಾ ನೋಡುವುದನ್ನು ನಿಲ್ಲಿಸಿ. ಕೇಳಿದ ಬೀಗರಿಗೆ ‘ಸದ್ಯ ಹುಡುಗ ಬ್ಯಾಡ ಅಂದಾನ್ರಿ’ ಎಂದರೆ ಸಾಕು, ಕಾರಣ ಹೇಳಬೇಕಿಲ್ಲ, ಜಾತಕದ ನೆಪವನ್ನಂತೂ ಹೇಳಬೇಡಿ. ಅದನ್ನು ಸರಿಪಡಿಸಲು ಇನ್ನೊಬ್ಬರು ಬರುತ್ತಾರೆ. ಮಗನಿಗೆ ಫೋನ್ ಮಾಡಿ, ‘ನನ್ನ ಮುಂದ ಹೇಳಿದ್ದು ಚಲೋ ಆತು’ ಅನ್ನಿ. ಉಳಿದ ಮಾತು ನಿಧಾನವಾಗಿ ಬರುತ್ತದೆ. ಅಪ್ಪನಿಗೆ ಯಾವಾಗ, ಯಾರು ಹೇಳಬೇಕು ಎನ್ನುವುದನ್ನು ಅವನೇ ನಿರ್ಧರಿಸಲಿ. ನಿಮ್ಮ ತಂಗಿಗೆ ಈಗಾಗಲೇ ಗೊತ್ತಿರುವುದರಿಂದ ಮಾತು ಅಲ್ಲಿಂದ ಮುಂದೆ ಹೋಗದಂತೆ ನೋಡಿಕೊಳ್ಳಿ. ಅವನಿಗೆ ನಿದ್ದೆ, ಊಟ ಕೆಟ್ಟಿದ್ದರೆ, ‘ಇದ್ದು ಏನು ಮಾಡೋದು’ ಎಂಬಂಥ ಮಾತು ಬಂದರೆ ತಡ ಮಾಡಬೇಡಿ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮನಸ್ 14416 ಸಂಖ್ಯೆಗೆ ಹಗಲು ರಾತ್ರಿ ಯಾವಾಗಲಾದರೂ ಕರೆ ಮಾಡಿ ಕನ್ನಡದಲ್ಲೇ ಮಾತಾಡಬಹುದು, ಖರ್ಚಿಲ್ಲ. ನಿಮಗೂ ಯಾರ ಮುಂದಾದರೂ ಹೇಳಿಕೊಳ್ಳಬೇಕು ಅನ್ನಿಸಿದರೆ ಅದೇ ಸಂಖ್ಯೆ, ಅಥವಾ ಧಾರವಾಡದ ಮಾನಸಿಕ ಆಸ್ಪತ್ರೆ ಡಿಮ್ಹಾನ್ಸ್. ಆಪ್ತಸಮಾಲೋಚಕರ ಬಳಿ ಹೋಗುವ ಮೊದಲು ಒಂದೇ ಪ್ರಶ್ನೆ ಕೇಳಿ: ‘ನೀವು ಇವನನ್ನು ಬದಲಾಯಿಸ್ತೀರೇನು?’ ಹೌದು ಎಂದರೆ ಅಲ್ಲಿಂದ ಎದ್ದು ಬನ್ನಿ.

ಪ್ರಶ್ನೆ: ಸವದತ್ತಿ ಎಲ್ಲಮ್ಮನ ಜೋಗಪ್ಪಗಳೂ ಸಲಿಂಗಿಗಳೂ ಒಂದೇ ಏನು? – ಓದುಗರು, ಗದಗ

ಉತ್ತರ: ಅಲ್ಲ. ಗಂಡಾಗಿ ಹುಟ್ಟಿ, ದೇವಿ ಮೈದುಂಬಿದಳು ಎಂದು ನಂಬಿ, ಮುತ್ತು ಕಟ್ಟಿಸಿಕೊಂಡು ಸೀರೆ ಉಟ್ಟು, ಕೊಡ ಹೊತ್ತು ಚೌಡಿಕೆ ಪದ ಹಾಡುವವರು ಜೋಗಪ್ಪಗಳು. ಅದು ತಾನು ಯಾರು ಎಂಬುದಕ್ಕೆ ಸಂಬಂಧಿಸಿದ್ದು. ಸಲಿಂಗ ಪ್ರೇಮ ತನಗೆ ಯಾರು ಬೇಕು ಎಂಬುದಕ್ಕೆ ಸಂಬಂಧಿಸಿದ್ದು. ಕೆಲವರಲ್ಲಿ ಎರಡೂ ಇರಬಹುದು, ಎಲ್ಲರಲ್ಲೂ ಇರುವುದಿಲ್ಲ. ತೃತೀಯ ಲಿಂಗಿಗಳ ಹಕ್ಕನ್ನು ಸುಪ್ರೀಂ ಕೋರ್ಟ್ ಬೇರೆಯಾಗಿಯೇ, 2014ರ ಏಪ್ರಿಲ್ 15ರ ತೀರ್ಪಿನಲ್ಲಿ ಎತ್ತಿಹಿಡಿಯಿತು. ಕರ್ನಾಟಕ 2021ರಲ್ಲಿ ಅವರಿಗೆ ಸರ್ಕಾರಿ ನೇಮಕಾತಿಯಲ್ಲಿ ಶೇ 1ರಷ್ಟು ಮೀಸಲಾತಿ ಕೊಟ್ಟಿತು. ಸಲಿಂಗಿಗಳಿಗೆ ಅದು ಅನ್ವಯಿಸುವುದಿಲ್ಲ.

ನಮ್ಮ ಭಾಗದಲ್ಲಿ ಈ ಗೊಂದಲದಿಂದ ಒಂದು ಅನ್ಯಾಯ ನಡೆಯುತ್ತದೆ. ಹೆಣ್ಣಿನ ನಡೆನುಡಿಯ ಹುಡುಗನಿಗೆ ಪರಂಪರೆಯಲ್ಲಿ ಒಂದು ಜಾಗ ಉಂಟು, ಜನ ಕೈಮುಗಿಯುವ ಜಾಗವದು. ಆದರೆ ಮೀಸೆ ಬಿಟ್ಟು, ಪ್ಯಾಂಟು ತೊಟ್ಟು, ಇನ್ನೊಬ್ಬ ಹುಡುಗನನ್ನು ಪ್ರೀತಿಸುವವನಿಗೆ ಅಂಥ ಜಾಗ ಇಲ್ಲ. ಅವನನ್ನು ‘ಅಮ್ಮನಿಗೆ ಬಿಡಿ’ ಎನ್ನುವವರಿದ್ದಾರೆ. ಅವನು ಒಪ್ಪದೆ ಹಾಗೆ ಮಾಡಿದರೆ ದೇವಿಗೂ ನ್ಯಾಯವಲ್ಲ, ಅವನಿಗೂ ಅಲ್ಲ.

ಪ್ರಶ್ನೆ: ನಾವಿಬ್ಬರೂ ಹೆಣ್ಣುಮಕ್ಕಳು, 29 ಮತ್ತು 31 ವರ್ಷ. ಹುಬ್ಬಳ್ಳಿಯಲ್ಲಿ ಬಾಡಿಗೆ ಮನೆಯಲ್ಲಿ ಒಟ್ಟಿಗಿದ್ದೇವೆ, ಇಬ್ಬರಿಗೂ ಖಾಸಗಿ ನೌಕರಿ. ಗೆಳತಿಯ ಅಣ್ಣಂದಿರು ಊರಿಗೆ ಎಳೆದೊಯ್ಯುವ ಮಾತಾಡುತ್ತಿದ್ದಾರೆ. ನೋಟರಿ ಮುಂದೆ ಮದುವೆ ಕರಾರು ಮಾಡಿಸಿಕೊಂಡರೆ ರಕ್ಷಣೆ ಸಿಗುತ್ತದೆಯೇ? – ಹುಬ್ಬಳ್ಳಿ

ಉತ್ತರ: ಸಿಗುವುದಿಲ್ಲ, ಆ ದುಡ್ಡು ಉಳಿಸಿ. ಸಲಿಂಗ ವಿವಾಹದ ಹಕ್ಕನ್ನು ಈಗಿನ ಕಾಯ್ದೆಗಳಡಿ ಕೊಡಲಾಗದು ಎಂದು ಸುಪ್ರೀಂ ಕೋರ್ಟ್ 2023ರ ಅಕ್ಟೋಬರ್ 17ರಂದು ಹೇಳಿದೆ. ನೋಟರಿ ಮುದ್ರೆಯಿಂದ ಮದುವೆ ಆಗುವುದಿಲ್ಲ. ಆದರೆ ಅದೇ ತೀರ್ಪು ಒಟ್ಟಿಗೆ ಬಾಳುವ ನಿಮ್ಮ ಸ್ವಾತಂತ್ರ್ಯವನ್ನು ಅಲ್ಲಗಳೆದಿಲ್ಲ. 18 ದಾಟಿದ ಹೆಣ್ಣುಮಗಳು ಯಾರ ಜೊತೆ ಇರಬೇಕು ಎನ್ನುವುದು ಅವಳ ನಿರ್ಧಾರ.

ತುರ್ತು ಕೆಲಸ ಮೊದಲು. ಗೆಳತಿ ತನ್ನ ಕೈಬರಹದಲ್ಲಿ, ‘ನಾನು ವಯಸ್ಕಳು, ಸ್ವಇಚ್ಛೆಯಿಂದ ಈ ವಿಳಾಸದಲ್ಲಿದ್ದೇನೆ, ಮನೆಯವರಿಂದ ಬೆದರಿಕೆ ಇದೆ, ನಾನು ಕಾಣೆಯಾಗಿದ್ದೇನೆ ಎಂಬ ದೂರು ಬಂದರೆ ನನ್ನನ್ನು ಸಂಪರ್ಕಿಸಿ’ ಎಂದು ಬರೆಯಲಿ. ಎಸ್ಸೆಸ್ಸೆಲ್ಸಿ ಅಂಕಪಟ್ಟಿ, ಆಧಾರ್ ಪ್ರತಿ ಲಗತ್ತಿಸಿ ಹುಬ್ಬಳ್ಳಿ–ಧಾರವಾಡ ಪೊಲೀಸ್ ಆಯುಕ್ತರಿಗೆ, ಮನೆ ವ್ಯಾಪ್ತಿಯ ಠಾಣೆಗೆ, ತವರಿನ ಜಿಲ್ಲೆಯ ಎಸ್‌ಪಿಗೆ ಅಂಚೆಯಲ್ಲಿ ಕಳಿಸಿ ರಸೀದಿ ಇಟ್ಟುಕೊಳ್ಳಿ. ಸಾಮಾನ್ಯವಾಗಿ ಕೆಡುವುದು ಇಲ್ಲೇ: ದೂರು ಮೊದಲು ಅಣ್ಣಂದಿರಿಂದ ಹೋಗುತ್ತದೆ, ಕೆಲವೊಮ್ಮೆ ಅಪಹರಣ, ಒಡವೆ ಕಳವು ಎಂದೂ ಸೇರಿಸುತ್ತಾರೆ. ಆದ್ದರಿಂದ ಮನೆಯವರ ಒಡವೆ ತರಬೇಡಿ. ಅಸಲು ಪ್ರಮಾಣಪತ್ರಗಳು ಮಾತ್ರ ನಿಮ್ಮ ಕೈಯಲ್ಲಿರಲಿ.

ಠಾಣೆಯಿಂದ ಕರೆ ಬಂದರೆ ವಕೀಲರೊಂದಿಗೆ ಹೋಗಿ. ಹೆಣ್ಣುಮಕ್ಕಳಿಗೆ ಆದಾಯದ ಮಿತಿಯಿಲ್ಲದೆ ಉಚಿತ ಕಾನೂನು ನೆರವಿದೆ (1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ, 12ನೇ ಕಲಮು), ಸಹಾಯವಾಣಿ 15100. ಎಳೆದೊಯ್ದರೆ 112ಕ್ಕೆ ಕರೆ ಮಾಡಿ, ಆಮೇಲೆ ಧಾರವಾಡದ ಹೈಕೋರ್ಟ್ ಪೀಠದಲ್ಲಿ ಹೇಬಿಯಸ್ ಕಾರ್ಪಸ್ ಅರ್ಜಿ, ಅಂದರೆ ಅಕ್ರಮವಾಗಿ ಕೂಡಿಹಾಕಿದವರನ್ನು ಕೋರ್ಟಿನ ಮುಂದೆ ತರಿಸಿ ಎಂಬ ಅರ್ಜಿ. ಇಂಥ ಅರ್ಜಿಗಳಿಗೆ ಸುಪ್ರೀಂ ಕೋರ್ಟ್ 2024ರ ಮಾರ್ಚ್ 11ರಂದು ಮಾರ್ಗಸೂಚಿ ಕೊಟ್ಟಿದೆ. ಅರ್ಜಿದಾರರು ಗೆಳತಿಯಾದರೆ ನಿಮ್ಮ ಸಂಬಂಧವನ್ನು ಕೆದಕದೆ ವಿಚಾರಣೆ ನಡೆಸಬೇಕು, ಬಂಧನದಲ್ಲಿರುವವಳ ಮಾತನ್ನು ಮನೆಯವರ ಒತ್ತಡವಿಲ್ಲದ ಏಕಾಂತದಲ್ಲಿ ಕೇಳಬೇಕು, ಮನಸ್ಸು ಬದಲಿಸುವ ಸಮಾಲೋಚನೆಗೆ ಕಳಿಸಬಾರದು. ಇದರ ಪ್ರತಿ ವಕೀಲರ ಕಡತದಲ್ಲಿರಲಿ.

ಉಳಿದದ್ದು ನಿಧಾನದ ಕೆಲಸ. ಬಾಡಿಗೆ ಕರಾರಿನಲ್ಲಿ ಇಬ್ಬರ ಹೆಸರೂ ಇರಲಿ; ಒಬ್ಬಳದೇ ಇದ್ದರೆ ಇನ್ನೊಬ್ಬಳನ್ನು ಮಾಲೀಕರು ಯಾವಾಗ ಬೇಕಾದರೂ ಹೊರಗಿನವಳು ಎನ್ನಬಹುದು. ಬ್ಯಾಂಕಿನಲ್ಲಿ ಜಂಟಿ ಖಾತೆ ತೆರೆಯಲು, ಸಂಗಾತಿಯನ್ನು ನಾಮಿನಿ ಮಾಡಲು ಅಡ್ಡಿಯಿಲ್ಲ ಎಂದು ಕೇಂದ್ರ ಹಣಕಾಸು ಸಚಿವಾಲಯ 2024ರ ಆಗಸ್ಟ್ 28ರಂದು ಸ್ಪಷ್ಟಪಡಿಸಿದೆ. ಶಾಖೆಯವರು ಅನುಮಾನಿಸಿದರೆ ಅದರ ಮುದ್ರಿತ ಪ್ರತಿ ತೋರಿಸಿ. ಖಾತೆ ‘ಇಬ್ಬರಲ್ಲಿ ಯಾರಾದರೂ ಅಥವಾ ಉಳಿದವರು’ ಎಂಬ ಷರತ್ತಿನದಿರಲಿ. ಪಿಎಫ್‌ನಲ್ಲಿ ಮಾತ್ರ ಎಚ್ಚರಿಕೆ ಬೇಕು. ಅವಲಂಬಿತ ತಂದೆ-ತಾಯಿ ಇದ್ದರೆ ಕುಟುಂಬದ ಹೊರಗಿನ ನಾಮಿನಿ ಊರ್ಜಿತವಾಗುವುದಿಲ್ಲ.

ನಾಮಿನಿ ಎಂದರೆ ವಾರಸುದಾರಳಲ್ಲ, ಹಣ ಪಡೆದು ವಾರಸುದಾರರಿಗೆ ತಲುಪಿಸುವವಳು ಎಂದು ಸುಪ್ರೀಂ ಕೋರ್ಟ್ 1984ರಲ್ಲಿ ವಿಮೆ ಪ್ರಕರಣವೊಂದರಲ್ಲಿ ಹೇಳಿತು. ಹಾಗಾಗಿ ಮೃತ್ಯುಪತ್ರ (ವಿಲ್) ಇಲ್ಲದೆ ಉಳಿದ ಕಾಗದಗಳೆಲ್ಲ ಅರೆಬರೆ. ಮದುವೆಯಾಗದ ಹಿಂದೂ ಹೆಣ್ಣುಮಗಳು ಮೃತ್ಯುಪತ್ರ ಬರೆಯದೆ ತೀರಿಕೊಂಡರೆ ಅವಳ ಆಸ್ತಿ ತಂದೆ-ತಾಯಿಗೆ, ಅವರಿಲ್ಲದಿದ್ದರೆ ತಂದೆಯ ಕಡೆಯವರಿಗೆ ಹೋಗುತ್ತದೆ. ಮೃತ್ಯುಪತ್ರಕ್ಕೆ ಛಾಪಾ ಕಾಗದ ಬೇಡ, ಬಿಳಿ ಹಾಳೆ ನಡೆಯುತ್ತದೆ. ಬರೆದವಳ ಸಹಿ ನೋಡಿದ ಇಬ್ಬರು ಸಾಕ್ಷಿಗಳು ಅವಳ ಎದುರೇ ಸಹಿ ಮಾಡಬೇಕು. ಸಾಕ್ಷಿ ಹಾಕುವವರು ಆಸ್ತಿ ಪಡೆಯುವವರಾಗಿರದಿರಲಿ, ನಿಮಗಿಂತ ಕಿರಿಯರಾಗಿದ್ದರೆ ಮುಂದೆ ಕೋರ್ಟಿಗೆ ಬಂದು ಹೇಳಲು ಸಿಗುತ್ತಾರೆ. ನೋಂದಣಿ ಕಡ್ಡಾಯವಲ್ಲ, ಆದರೆ ಅಣ್ಣಂದಿರು ತಕರಾರು ಎತ್ತುವ ಸಂಭವ ಇರುವುದರಿಂದ ನೀವಂತೂ ಉಪನೋಂದಣಿ ಕಚೇರಿಯಲ್ಲಿ ಮಾಡಿಸಿ. ಅದೇ ದಿನ ವೈದ್ಯರಿಂದ ಬುದ್ಧಿ ಸ್ವಸ್ಥವಿದೆ ಎಂಬ ಚೀಟಿಯನ್ನೂ ಪಡೆಯಿರಿ.

ಬದುಕಿರುವಾಗಲೇ ದಾನಪತ್ರದಿಂದ ಕೊಡುವುದು ನಿಮಗೆ ದುಬಾರಿ. ಕುಟುಂಬದೊಳಗಿನ ದಾನಕ್ಕಿರುವ ಮುದ್ರಾಂಕ ಶುಲ್ಕದ ರಿಯಾಯಿತಿ ಸಿಗುವುದಿಲ್ಲ, ವರ್ಷಕ್ಕೆ ₹50,000 ಮೀರಿದ ಕೊಡುಗೆಗೆ ಪಡೆದವಳು ಆದಾಯ ತೆರಿಗೆ ಕಟ್ಟಬೇಕು. ಮೃತ್ಯುಪತ್ರದಿಂದ ಬಂದದ್ದಕ್ಕೆ ಆ ತೆರಿಗೆ ಇಲ್ಲ.

ಮುಖತ್ಯಾರ ಪತ್ರವನ್ನು (ಪವರ್ ಆಫ್ ಅಟಾರ್ನಿ) ಬಹಳ ನೆಚ್ಚಬೇಡಿ. ಬರೆದುಕೊಟ್ಟವಳು ತೀರಿಕೊಂಡರೂ ಬುದ್ಧಿ ತಪ್ಪಿದರೂ ಅದು ಅಲ್ಲಿಗೇ ಮುಗಿಯುತ್ತದೆ, ಅಂದರೆ ಹೆಚ್ಚು ಬೇಕಾದ ಹೊತ್ತಿನಲ್ಲೇ ಕೆಲಸಕ್ಕೆ ಬರುವುದಿಲ್ಲ. ಮಾನಸಿಕ ಆರೋಗ್ಯ ಚಿಕಿತ್ಸೆಯ ಮಟ್ಟಿಗೆ ದಾರಿ ಸುಲಭ: 2017ರ ಕಾಯ್ದೆಯ 14ನೇ ಕಲಮಿನಂತೆ ಸಾದಾ ಕಾಗದದಲ್ಲಿ ಸಹಿ ಮಾಡಿ, ಒಪ್ಪಿದ ಯಾವ ವಯಸ್ಕರನ್ನಾದರೂ ಪ್ರತಿನಿಧಿಯಾಗಿ ನೇಮಿಸಬಹುದು. ರಕ್ತ ಸಂಬಂಧ ಬೇಕಿಲ್ಲ. ಅಣ್ಣಂದಿರು ಅವಳನ್ನು ‘ತಲೆ ಕೆಟ್ಟಿದೆ’ ಎಂದು ಆಸ್ಪತ್ರೆಗೆ ಸೇರಿಸಲು ನೋಡಿದರೆ ಮೊದಲು ಕೆಲಸಕ್ಕೆ ಬರುವುದು ಈ ಕಾಗದವೇ. ಇವತ್ತೇ ಇಬ್ಬರೂ ಒಬ್ಬರಿಗೊಬ್ಬರು ಬರೆದುಕೊಡಿ, ಮೂರನೆಯ ಪ್ರತಿಯನ್ನು ನಂಬಿಕೆಯ ಗೆಳತಿಯ ಮನೆಯಲ್ಲಿಡಿ.