ಭೂತದ ಲೋಳೆ ಮೈಗೆ ತಾಗಿದರೆ?

ಪ್ರಶ್ನೆ: ಇಂಗ್ಲಿಷ್ ಸಿನಿಮಾಗಳಲ್ಲಿ ದೆವ್ವ ಸುಳಿದ ಕಡೆ ಉಳಿಯುವ ‘ಎಕ್ಟೋಪ್ಲಾಸಂ’ ಎಂಬ ಅಂಟು ಲೋಳೆ ನಿಜಕ್ಕೂ ಅಪಾಯಕಾರಿಯೇ?

ಉತ್ತರ: ಲೋಳೆಯೆಂಬುದು ಸಿನಿಮಾದವರ ಕಲ್ಪನೆ. ಆ ಹೆಸರನ್ನು ಪ್ರೇತವಿದ್ಯೆಗೆ ತಂದವರು 1913ರ ನೊಬೆಲ್ ವಿಜೇತ ಫ್ರೆಂಚ್ ಶರೀರಶಾಸ್ತ್ರಜ್ಞ ಷಾರ್ಲ್ ರಿಷೆ ಎಂಬುದು ಸೋಜಿಗವೇ ಸರಿ. ಆಗಿನ ಯುರೋಪಿನ ಪ್ರೇತಾವಾಹನೆಯ ಕೂಟಗಳಲ್ಲಿ ಅದು ಹೊರಬರುತ್ತಿದ್ದುದು ದೆವ್ವದಿಂದಲ್ಲ, ಪ್ರೇತಗಳೊಡನೆ ಮಾತಾಡುವ ‘ಮಾಧ್ಯಮ’ವಾಗಿ (ಮೀಡಿಯಂ) ಕುಳಿತವರ ಬಾಯಿ, ಮೂಗುಗಳಿಂದ. ಬೆಳಕು ಬಿದ್ದರೆ ಅಥವಾ ಯಾರಾದರೂ ಮುಟ್ಟಿದರೆ ಕುಳಿತವರ ಜೀವಕ್ಕೇ ಕುತ್ತೆಂದು ಹೆದರಿಸಿ ಕೋಣೆಯನ್ನು ಕತ್ತಲಾಗಿಡುತ್ತಿದ್ದರು, ಮೋಸಕ್ಕೆ ಇದಕ್ಕಿಂತ ಅನುಕೂಲ ಬೇಕೇ? 1931ರಲ್ಲಿ ಲಂಡನ್ನಿನಲ್ಲಿ ಹೆಲೆನ್ ಡಂಕನ್ ಎಂಬ ಮಾಧ್ಯಮದಾಕೆಯನ್ನು ಪರೀಕ್ಷಿಸಿದ ಪ್ರೇತಸಂಶೋಧಕ ಹ್ಯಾರಿ ಪ್ರೈಸ್, ಆಕೆ ಜಾಳು ಬಟ್ಟೆಯನ್ನು ಮೊದಲೇ ನುಂಗಿ ಆಮೇಲೆ ಕಕ್ಕುತ್ತಾರೆಂಬ ನಿರ್ಧಾರಕ್ಕೆ ಬಂದರು. ಆಗ ತೆಗೆದ ಛಾಯಾಚಿತ್ರಗಳಲ್ಲಿ ನೇಯ್ಗೆಯ ಎಳೆಗಳೂ ಮಡಿಕೆಯ ಗೆರೆಗಳೂ ಕಾಣುತ್ತವೆ. ಆಕೆಯದೆನ್ನಲಾದ ಒಂದು ತುಂಡು ಕೇಂಬ್ರಿಜ್ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿದೆ.