ಗಿರ್ಮಿಟಿಯಾ ಎಂದರೇನು?

ಪ್ರಶ್ನೆ: ಫಿಜಿಯ ಭಾರತೀಯರ ಪೂರ್ವಜರನ್ನು ‘ಗಿರ್ಮಿಟಿಯಾ’ ಎನ್ನುವುದೇಕೆ? ಅವರಲ್ಲಿ ದಕ್ಷಿಣದವರೂ ಇದ್ದರೇ?

ಉತ್ತರ: ‘ಅಗ್ರಿಮೆಂಟ್’ ಎಂಬ ಪದ ಕೂಲಿಗಳ ಬಾಯಲ್ಲಿ ‘ಗಿರ್ಮಿಟ್’ ಆಗಿ, ಆ ಕರಾರಿಗೆ ಒಳಪಟ್ಟವರು ಗಿರ್ಮಿಟಿಯಾಗಳಾದರು. ಓದಲು ಬಾರದ ಕಾಗದಕ್ಕೆ ಹೆಬ್ಬೆಟ್ಟೊತ್ತಿದವರೇ ಅವರಲ್ಲಿ ಹೆಚ್ಚು. 1879ರ ಮೇ ತಿಂಗಳಲ್ಲಿ ‘ಲಿಯೊನಿಡಾಸ್’ ಹಡಗು ಮೊದಲ ತಂಡವನ್ನು ಕರೆತಂದಿತು; 1916ರವರೆಗೆ ಸುಮಾರು 60,000 ಮಂದಿ ಬಂದಿಳಿದರು. ಕರಾರಿನ ಅವಧಿ ಐದು ವರ್ಷ, ಗಂಡಸರ ದಿನಗೂಲಿ ಒಂದು ಶಿಲ್ಲಿಂಗ್, ಹೆಂಗಸರದು ಒಂಬತ್ತು ಪೆನ್ಸ್. ಕೆಲಸ ತಪ್ಪಿಸಿದರೆ ದಂಡವೋ ಸೆರೆಮನೆಯೋ ಕಾದಿತ್ತಾದ್ದರಿಂದ ಇದನ್ನು ಬರಿಯ ಕೂಲಿಯೆನ್ನಲು ನನಗೆ ಮನಸ್ಸೊಪ್ಪದು. ಊರಿಗೆ ಮರಳುವ ಉಚಿತ ಪ್ರಯಾಣ ದೊರೆಯುತ್ತಿದ್ದುದು ಹತ್ತು ವರ್ಷ ಅಲ್ಲಿದ್ದವರಿಗೆ ಮಾತ್ರ. ಅಷ್ಟರಲ್ಲಿ ಬಹುಪಾಲು ಮಂದಿ ಅಲ್ಲಿಯೇ ಬೇರೂರಿದ್ದರು. ದಕ್ಷಿಣದವರೂ ಇದ್ದರು, 1903ರಿಂದ ಮದ್ರಾಸು ಬಂದರಿನ ಮೂಲಕ ತಮಿಳರು, ತೆಲುಗರು, ಮಲಯಾಳಿಗಳು ಹೋದರು. ಉಳಿದಿದ್ದ ಕರಾರುಗಳು ರದ್ದಾದದ್ದು 1920ರ ಜನವರಿ 1ರಂದು.